ಮೂಲ ಕೋಲು ಎಲ್ಲಿದೆ?

ಪ್ರೀತಿಯ ತಮ್ಮಾ,

ನಿನ್ನ ಕಾದಂಬರಿಯ ಹಸ್ತಪ್ರತಿಯನ್ನೂ ಜೊತೆಗಿದ್ದ ಕಾಗದವನ್ನೂ ಓದಿದೆ. ನೀನು ಕಲ್ಪಿಸಿದ ಏಳು ರಾಜ್ಯಗಳ ಅಳತೆ ಪಟ್ಟಿಯನ್ನೆಲ್ಲ ಹರಿದು ಹಾಕಿ ಎಲ್ಲ ಕಡೆ ಮೈಲಿ ಎಂದೇ ಬರೆದುಬಿಡಲೇ ಅಂತ ಕೇಳಿದ್ದೀಯ. ಬೇಡ. ಪ್ರಕಾಶಕರನ್ನು ಹುಡುಕುವುದು, ಅಧ್ಯಾಯ ಕತ್ತರಿಸುವುದು, ಸಂಭಾಷಣೆ ಬಿಗಿ ಮಾಡುವುದು ಇವೆಲ್ಲ ನಿನಗೆ ತಾನಾಗಿ ಬರುತ್ತವೆ. ನಾನು ನೀನು ಕಟ್ಟಿದ 'ನೇಳೆ' ಎಂಬ ಉದ್ದದ ಅಳತೆಯ ಬಗ್ಗೆ ಮಾತ್ರ ಬರೆಯುತ್ತೇನೆ.

ಒಂದು ನೇಳೆ ಎಂದರೆ ಮೊದಲ ಚಕ್ರವರ್ತಿಯ ಮೊಣಕೈಯಿಂದ ನಡುಬೆರಳ ತುದಿಯವರೆಗಿನ ಉದ್ದ ಎಂದಿದ್ದೀಯ. ಸರಿ, ಮೊಳವೂ ಹಾಗೇ ಹುಟ್ಟಿದ್ದು. ಆದರೆ ಆ ಚಕ್ರವರ್ತಿ ಸತ್ತು ನಾನೂರು ವರ್ಷ ಆಯಿತಲ್ಲ, ಗಡಿಯ ಊರಲ್ಲಿ ಬಟ್ಟೆ ಮಾರುವವಳಿಗೆ ಅವನ ತೋಳಿನ ಉದ್ದ ಗೊತ್ತಾಗುವುದು ಹೇಗೆ? ಆ ಉದ್ದವನ್ನು ಹಿಡಿದಿಟ್ಟ ಕೋಲೊಂದು ಬೇಕಲ್ಲ. ಮೂಲ ಕೋಲು ಎಲ್ಲಿದೆ? ಯಾವುದರಿಂದ ಮಾಡಿದ್ದು? ಆ ಕೋಣೆಯ ಬೀಗದ ಕೈ ಯಾರ ಹತ್ತಿರ ಇದೆ? ಇಷ್ಟು ದಪ್ಪ ಹಸ್ತಪ್ರತಿಯಲ್ಲಿ ಇದಕ್ಕೆ ಒಂದು ಸಾಲಿನ ಉತ್ತರವೂ ಇಲ್ಲ. ಗೆಳೆಯರು 'ಎಂಥ ವಿವರ!' ಎಂದು ಹೊಗಳಿದರಂತೆ. ಅವರು ಹೊಗಳಿದ್ದು ಪಟ್ಟಿಯನ್ನು. ಕೊನೆಯ ಪುಟದಲ್ಲಿ ಪಟ್ಟಿ ಅಂಟಿಸಿ, ಕಥೆಯೊಳಗೆ ಯಾರ ಕೈಗೂ ಕೋಲು ಕೊಡದ ಪುಸ್ತಕಗಳ ಮೇಲೆ ನನಗೆ ಹಳೆಯ ಸಿಟ್ಟಿದೆ.

ವ್ಯಾಖ್ಯೆ ಏನೇ ಹೇಳಲಿ, ಕೊನೆಗೆ ಗೆಲ್ಲುವುದು ಕೋಲೇ. ಉತ್ತರ ಧ್ರುವದಿಂದ ಸಮಭಾಜಕದವರೆಗಿನ ದೂರದ ಕೋಟಿಯಲ್ಲೊಂದು ಪಾಲು ಮೀಟರ್ ಆಗಬೇಕೆಂದು ಫ್ರಾನ್ಸಿನವರು ವರ್ಷಗಟ್ಟಲೆ ಭೂಮಿ ಅಳೆದು, 1799ರಲ್ಲಿ ಪ್ಲಾಟಿನಂ ಕೋಲು ಮಾಡಿಟ್ಟರು. ಅದು ಸುಮಾರು 0.2 ಮಿಲಿಮೀಟರ್ ಗಿಡ್ಡ ಎಂದು ಆಮೇಲೆ ತಿಳಿಯಿತು. ಕೋಲನ್ನು ಯಾರೂ ಬದಲಿಸಲಿಲ್ಲ. ಆ ಗಿಡ್ಡ ಕೋಲೇ ಮೀಟರ್ ಆಗಿ ಉಳಿಯಿತು.

ಈಗ ನಿನ್ನ ಕೋಲನ್ನು ಹತ್ತಿರದಿಂದ ನೋಡೋಣ. ಮರದ್ದಾದರೆ ಮಳೆಗಾಲದಲ್ಲಿ ಅಡ್ಡಕ್ಕೆ ಉಬ್ಬುತ್ತದೆ, ಉದ್ದಕ್ಕೆ ಹೆಚ್ಚೇನೂ ಬೆಳೆಯುವುದಿಲ್ಲ. ಅದರ ತೊಂದರೆ ಬಾಗುವುದು, ತುದಿ ಸವೆಯುವುದು. ಕಬ್ಬಿಣ ತುಕ್ಕು ಹಿಡಿಯುತ್ತದೆ; ಬಿಸಿ ಮೂವತ್ತು ಡಿಗ್ರಿ ಏರಿದರೆ ಒಂದು ಮೀಟರ್ ಉದ್ದದ ಕೋಲು ಮಿಲಿಮೀಟರಿನ ಮೂರನೇ ಒಂದು ಪಾಲಿನಷ್ಟು ಹಿಗ್ಗುತ್ತದೆ. ಬಟ್ಟೆಗೆ ಅದು ಲೆಕ್ಕಕ್ಕಿಲ್ಲ, ನಿನ್ನ ಜ್ಯೋತಿಷಿಯ ಯಂತ್ರಕ್ಕೆ ಲೆಕ್ಕಕ್ಕಿದೆ. ಕಂಚು ತುಕ್ಕಿಗೆ ಕರಗುವುದಿಲ್ಲ, ಆದರೆ ಕಬ್ಬಿಣಕ್ಕಿಂತ ಹೆಚ್ಚು ಹಿಗ್ಗುತ್ತದೆ. ಮೂಲ ಕೋಲನ್ನು ಕಾಯುವ ತಿಳಿದ ಕಾವಲುಗಾರ ಕೋಲಿನ ತುದಿಯನ್ನು ನಂಬುವುದಿಲ್ಲ. ತುದಿಗಳಿಂದ ಎರಡು ಬೆರಳು ಒಳಗೆ ಕೂದಲೆಳೆಯಂಥ ಎರಡು ಗೀರು ಹಾಕಿ, ಗೀರಿನಿಂದ ಗೀರಿಗೆ ಅಳೆಯುತ್ತಾನೆ. ನಕಲು ಕೋಲನ್ನು ಪಕ್ಕಕ್ಕಿಟ್ಟು ಎರಡು ಗೀರುಗಳ ಮೇಲೂ ಉಗುರು ಆಡಿಸುತ್ತಾನೆ, ಉಗುರು ಎಡವಿದರೆ ನಕಲು ತಪ್ಪು.

ಗೀರಿಲ್ಲದ ಕೋಲಿನ ತುದಿ ಪ್ರತಿ ಹೋಲಿಕೆಗೂ ಸವೆಯುತ್ತದೆ. ನಕಲಿನಿಂದ ನಕಲು ಮಾಡುತ್ತ ಹೋದರೆ ಪ್ರತಿಯೊಂದೂ ಹಿಂದಿನದಕ್ಕಿಂತ ಗಿಡ್ಡ. ಒಂದೊಂದು ಸಲ ಸಾವಿರದಲ್ಲಿ ಒಂದು ಪಾಲು ಹೋದರೂ ಹತ್ತನೆಯ ನಕಲಿಗೆ ನೂರಕ್ಕೆ ಒಂದು ಪಾಲು ಹೋಯಿತು. ಗಿಡ್ಡ ಕೋಲಿನಿಂದ ಹೊಲ ಅಳೆದರೆ ಉದ್ದವೂ ಅಗಲವೂ ಹೆಚ್ಚು ಲೆಕ್ಕಕ್ಕೆ ಬರುವುದರಿಂದ ಕಂದಾಯ ನೂರಕ್ಕೆ ಎರಡು ಏರುತ್ತದೆ. ಒಂದಿಂಚು ಭೂಮಿಯನ್ನೂ ಸೇರಿಸದೆ! ನಿನ್ನ ಮೂರನೇ ರಾಜ್ಯದ ದಂಗೆಗೆ ಕಾರಣ ಹುಡುಕಲು ನೀನು ಶಾಪಗ್ರಸ್ತ ಖಡ್ಗದವರೆಗೆ ಹೋಗಿದ್ದೀಯ, ಕಾರಣ ಈ ಕೋಲಿನಲ್ಲೇ ಇತ್ತು.

ಧಾನ್ಯದ ಅಳತೆ ಇನ್ನೂ ಚೆನ್ನ. ನಿನ್ನ ಕಣಜದ ಅಧಿಕಾರಿ 'ಹತ್ತು ಕೊಳಗ' ಎನ್ನುತ್ತಾನೆ. ಅಂಚಿಗೆ ಕೋಲು ಸವರಿ ಅಳೆದದ್ದೋ, ಮೇಲೆ ರಾಶಿ ಏರಿಸಿ ಅಳೆದದ್ದೋ? ಒಂದೇ ಧಾನ್ಯದ ರಾಶಿ ಯಾವಾಗಲೂ ಸುಮಾರು ಒಂದೇ ಇಳಿಜಾರಿನಲ್ಲಿ ನಿಲ್ಲುವುದರಿಂದ, ಬಾಯಿಯ ಅಗಲ ಎರಡು ಪಟ್ಟಾದರೆ ಮೇಲಿನ ರಾಶಿ ಎಂಟು ಪಟ್ಟಾಗುತ್ತದೆ. ಆದ್ದರಿಂದ ಒಡೆಯ ಅಗಲ ಬಾಯಿಯ ತಗ್ಗು ಕೊಳಗದಲ್ಲಿ ರಾಶಿ ಏರಿಸಿ ತೆಗೆದುಕೊಳ್ಳುತ್ತಾನೆ, ಕಿರಿದು ಬಾಯಿಯ ಎತ್ತರದ ಕೊಳಗದಲ್ಲಿ ಸವರಿ ಕೊಡುತ್ತಾನೆ. ಸವರಿ ನೋಡಿದರೆ ಎರಡೂ ಸಮ, ಎರಡಕ್ಕೂ ಅರಮನೆಯ ಮುದ್ರೆ ಇದೆ. ಇದನ್ನು ಕದ್ದುಮುಚ್ಚಿಯೇ ಮಾಡಬೇಕೆಂದೂ ಇಲ್ಲ. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ದ್ರೋಣ ಎಂಬ ಧಾನ್ಯದ ಅಳತೆಯನ್ನು ಪಲ ಎಂಬ ತೂಕದಲ್ಲಿ ಹೇಳಿದೆ: ಬೊಕ್ಕಸಕ್ಕೆ ಬರುವ ದ್ರೋಣ 200 ಪಲ, ವ್ಯಾಪಾರದ್ದು 187½, ಹಂಚಿಕೊಡುವಾಗ 175, ಅಂತಃಪುರಕ್ಕೆ 162½. ಒಂದೇ ಹೆಸರಿಗೆ ನಾಲ್ಕು ಅಳತೆ, ನಾಲ್ಕೂ ಕಾನೂನುಬದ್ಧ. ನಿನ್ನ ಏಳು ರಾಜ್ಯಗಳಲ್ಲಿ ನಾನೂರು ವರ್ಷ ಒಂದೇ ನೇಳೆ ಚೂರೂ ಅಲುಗದೆ ನಿಂತಿದೆ ಎಂದರೆ ನನಗೆ ನಂಬಿಕೆ ಬರುವುದಿಲ್ಲ ಮಗು. ನಿನ್ನ ಡ್ರ್ಯಾಗನ್ನನ್ನು ನಂಬಿದೆ, ಇದನ್ನು ನಂಬಲಾರೆ.

ನೇಳೆಯನ್ನು ಸಾವಿರ ಭಾಗ ಮಾಡಿದ್ದನ್ನೂ ಬಿಡು. ಹಗ್ಗ ಮಡಚಿ ಅಳೆಯುವ ಜನಕ್ಕೆ ಅರ್ಧ, ಕಾಲು, ಅರೆಕಾಲು ಸಲೀಸು. ಹದಿನಾರೋ ಇಪ್ಪತ್ತನಾಲ್ಕೋ ಇಟ್ಟುಕೋ.

ಹನ್ನೆರಡನೇ ಅಧ್ಯಾಯದಲ್ಲಿ ರಾಜಧಾನಿ ಸುಡುತ್ತದೆ, ಮೂಲ ಕೋಲಿನ ಮಾತೇ ಇಲ್ಲ. 1834ರಲ್ಲಿ ಲಂಡನ್ನಿನ ಸಂಸತ್ ಭವನ ಸುಟ್ಟಾಗ ಬ್ರಿಟನ್ನಿನ ಮೂಲ ಗಜವೂ ಅದರಲ್ಲಿ ಹಾಳಾಯಿತು. ಗಜ ಹಾಳಾದರೆ ಸೆಕೆಂಡಿಗೊಮ್ಮೆ ತೂಗುವ ಲೋಲಕದ ಉದ್ದದಿಂದ ಅದನ್ನು ಮತ್ತೆ ಕಟ್ಟಿಕೊಳ್ಳಬೇಕೆಂದು 1824ರ ಕಾನೂನು ಮೊದಲೇ ಹೇಳಿತ್ತು. ಆ ದಾರಿ ನೆಚ್ಚುವಂಥದ್ದಲ್ಲ ಎಂದು ತಜ್ಞರು ಕೈಬಿಟ್ಟು, ಬೇರೆಡೆ ಉಳಿದಿದ್ದ ನಕಲುಗಳನ್ನು ಹೋಲಿಸಿ ಹೊಸ ಗಜ ಮಾಡಿದರು. ಅದಕ್ಕೆ ಕಾನೂನಿನ ಮಾನ್ಯತೆ ಸಿಕ್ಕಿದ್ದು 1855ರಲ್ಲಿ. ನಿನ್ನಲ್ಲಿ ಏಳು ರಾಜ್ಯಗಳಿವೆ, ಏಳು ನಕಲುಗಳಿವೆ, ಏಳೂ ಬೇರೆ ಬೇರೆಯಾಗಿ ಸವೆದಿವೆ. ಯಾರ ನಕಲು ಇನ್ನು ಮೂಲವಾಗಬೇಕು? ಗಿಡ್ಡ ಕೋಲಿನವರಿಗೆ ಕಂದಾಯ ಹೆಚ್ಚು ಬರುತ್ತಿತ್ತು, ಅವರು ಬಿಟ್ಟುಕೊಡುತ್ತಾರೆಯೇ?

ಮೊದಲು ಆ ಅಧ್ಯಾಯ ಬರೆ. ಸಭೆಯ ಮೇಜಿನ ಮೇಲೆ ಏಳು ಕೋಲುಗಳನ್ನು ಸಾಲಾಗಿ ಇಡಿಸು, ಯಾವುದು ಎಷ್ಟು ಗಿಡ್ಡ ಎಂದು ನಿನಗೆ ಮಾತ್ರ ಗೊತ್ತಿರಲಿ. ಉಗುರು ಆಡಿಸಿ ನೋಡುವ ಆ ಕಾವಲುಗಾರನನ್ನು ಮಾತ್ರ ಸಾಯಿಸಬೇಡ. ತಿದ್ದಿದ್ದನ್ನು ಪಟ್ಟಿಯಿಲ್ಲದೆ ಕಳಿಸು.

ಇಂತಿ ನಿನ್ನ
ಅಣ್ಣ