ಟಿಮ್ ಕಾನ್ವೇ ಸ್ಕ್ರಿಪ್ಟ್ ಓದುತ್ತಿದ್ದರು

ಮಾನ್ಯ ಸಂಪಾದಕರೇ,

ಅಮೆರಿಕದ ಹಾಸ್ಯನಟ ಟಿಮ್ ಕಾನ್ವೇ ಬಗ್ಗೆ ನಿಮ್ಮ ಪುರವಣಿಯಲ್ಲಿ ಬಂದ ಲೇಖನ, ಅವರು ಸ್ಕ್ರಿಪ್ಟ್ ಮುಟ್ಟದೆ ವೇದಿಕೆಗೆ ಬಂದು ಬಾಯಿಗೆ ಬಂದದ್ದು ಹೇಳುತ್ತಿದ್ದರು ಎಂಬ ಅರ್ಥ ಕೊಡುತ್ತದೆ. ಅವರ ಆಶುಅಭಿನಯ ನಡೆಯುತ್ತಿದ್ದ ರೀತಿಯೇ ಬೇರೆ.

ಅವರು ನಟಿಸುತ್ತಿದ್ದ ಟಿವಿ ಹಾಸ್ಯ ಕಾರ್ಯಕ್ರಮ 'ದಿ ಕ್ಯಾರೊಲ್ ಬರ್ನೆಟ್ ಶೋ' ಶುಕ್ರವಾರ ಎರಡು ಸಲ, ಎರಡು ಬೇರೆ ಪ್ರೇಕ್ಷಕರೆದುರು ರೆಕಾರ್ಡ್ ಆಗುತ್ತಿತ್ತು. ಮೊದಲ ಸಲ ಕಾನ್ವೇ ಬರೆದದ್ದನ್ನು ಬರೆದ ಹಾಗೇ ಒಪ್ಪಿಸುತ್ತಿದ್ದರು. ಬೇಕಾದ ಶಾಟ್‌ಗಳೆಲ್ಲ ನಿರ್ದೇಶಕರ ಕೈಸೇರಿದ ಮೇಲೇ ಎರಡನೇ ಸಲ ತಮ್ಮ ಆಟ ಶುರು ಹಚ್ಚುತ್ತಿದ್ದರು. ಹೊಸದು ಕೈಕೊಟ್ಟರೆ ಎಡಿಟಿಂಗ್‌ಗೆ ಮೊದಲ ಟೇಪ್ ಇದ್ದೇ ಇತ್ತು. ಅಷ್ಟು ಧೈರ್ಯ ಬಂದದ್ದು ಹೀಗೆ.

1969ರ ದಂತವೈದ್ಯನ ಸ್ಕೆಚ್, ಅಂದರೆ ಕಿರುಪ್ರಹಸನ, ನೋಡಿ. ಆಗಷ್ಟೇ ಓದು ಮುಗಿಸಿದ ವೈದ್ಯ ಕಾನ್ವೇ, ಕುರ್ಚಿಯಲ್ಲಿ ಹಲ್ಲುನೋವಿನ ರೋಗಿಯಾಗಿ ಸಹನಟ ಹಾರ್ವೆ ಕಾರ್ಮನ್. ಮರಗಟ್ಟಿಸುವ ನೊವೊಕೇನ್ ಸೂಜಿಯನ್ನು ವೈದ್ಯ ಮೊದಲು ತನ್ನ ಕೈಗೇ ಚುಚ್ಚಿಕೊಳ್ಳುತ್ತಾನೆ, ಆಮೇಲೆ ಕಾಲಿಗೆ, ಕೊನೆಗೆ ಹಣೆಗೆ. ತಾವು ಸೈನ್ಯದಲ್ಲಿದ್ದಾಗ ದಂತವೈದ್ಯರೊಬ್ಬರು ಸ್ವಂತ ಹೆಬ್ಬೆರಳಿಗೆ ಚುಚ್ಚಿಕೊಂಡದ್ದೇ ಇದರ ಮೂಲ ಎಂದು ಕಾನ್ವೇ ಹೇಳುತ್ತಿದ್ದರು. ಗಮನಿಸಬೇಕಾದ್ದು, ಅವರು ಸೇರಿಸಿದ್ದು ಮಾತನ್ನಲ್ಲ, ಸಮಯವನ್ನು. ಕೈ ಜೋತುಬಿದ್ದದ್ದು ಅವನಿಗೆ ಗೊತ್ತಾಗುವುದೇ ನಿಧಾನ. ಒಮ್ಮೆ ಮರಗಟ್ಟಿದ ಅಂಗ ಮತ್ತೆ ಕೆಲಸಕ್ಕೆ ಬರುವುದಿಲ್ಲ. ಉಳಿದ ಅಂಗಗಳಲ್ಲೇ ಹಲ್ಲು ಕೀಳಬೇಕು. ಈ ಕಟ್ಟಳೆಯನ್ನು ನಡುವೆ ಸಡಿಲಿಸಿದ್ದರೆ ಅದು ಬರೀ ಮಂಗಾಟವಾಗುತ್ತಿತ್ತು.

ಕುರ್ಚಿಯಲ್ಲಿದ್ದ ಕಾರ್ಮನ್ ಪಾತ್ರವೂ ಸಣ್ಣದಲ್ಲ. ಅವರು ನಗು ತಡೆಯಲು ನಿಜಕ್ಕೂ ಒದ್ದಾಡುತ್ತಾರೆ, ಸೋಲುತ್ತಾರೆ. ನಗುವುದಕ್ಕೆಂದೇ ನಕ್ಕರೆ ಪ್ರೇಕ್ಷಕರಿಗೆ ಎರಡನೇ ಸಲಕ್ಕೇ ಗೊತ್ತಾಗಿಬಿಡುತ್ತದೆ. ಕಾನ್ವೇಗೆ ದೃಶ್ಯ ಕೆಡಿಸಲು ಎದುರಿಗೆ ಸ್ಕ್ರಿಪ್ಟನ್ನು ಗಟ್ಟಿಯಾಗಿ ಹಿಡಿದುಕೊಂಡ ಒಬ್ಬರು ಬೇಕೇ ಬೇಕಿತ್ತು. ಕಾನ್ವೇ ಹೆಸರಿನಲ್ಲೇ ಶುರುವಾದ ಶೋಗಳು ಬೇಗ ನಿಂತುಹೋದದ್ದಕ್ಕೆ ಇದೂ ಒಂದು ಕಾರಣವಿರಬೇಕು ಎಂಬುದು ನಮ್ಮ ಅನಿಸಿಕೆ. ಆ ಸೋಲನ್ನೂ ಅವರು ತಮಾಷೆಯಾಗಿಸಿ, ತಮ್ಮ ಶೋಗಳ ಅಲ್ಪಾಯುಷ್ಯದ ನೆನಪಿಗೆ ಕಾರಿನ ನಂಬರ್ ಪ್ಲೇಟಿನಲ್ಲಿ '13 ವಾರ' ಎಂದು ಹಾಕಿಸಿಕೊಂಡಿದ್ದರು!

ಬರ್ನೆಟ್ ಶೋನ 1977ರ ಆನೆ ಕಥೆಯಲ್ಲಿ ಇದೇ ಆಟ ತಿರುಗುಬಾಣವಾಯಿತು. ಸೊಂಡಿಲ ತುದಿಯಲ್ಲಿ ಅಂಟಿಕೊಂಡ ಸಯಾಮಿ ಆನೆಗಳ ಕಥೆಯನ್ನು ಕಾನ್ವೇ ಎಳೆದೂ ಎಳೆದೂ ಎಲ್ಲರನ್ನೂ ನಗಿಸಿ ಬಗ್ಗಿಸಿದರು. ಆದರೆ ಕೊನೆಯಲ್ಲಿ ಸಹನಟಿ ವಿಕಿ ಲಾರೆನ್ಸ್ ಎಸೆದ ಒಂದೇ ಒಂದು ಒರಟು ಮಾತಿಗೆ ಕಾನ್ವೇ ಅವರೇ ನಕ್ಕು ನೆಲಕ್ಕುರುಳಿದರು. ಆ ಮಾತು ಆಗ ಪ್ರಸಾರವಾಗಲಿಲ್ಲ.

ಲೇಖನದಲ್ಲಿ ಇನ್ನೆರಡು ತಿದ್ದುಪಡಿ ಬೇಕು. ಶೋ ಶುರುವಾದದ್ದು 1967ರಲ್ಲಿ, ಆದರೆ ಕಾನ್ವೇ ಅದರ ಕಾಯಂ ಕಲಾವಿದರಾದದ್ದು 1975ರಲ್ಲಿ; ಅಲ್ಲಿಯವರೆಗೆ ಅತಿಥಿಯಾಗಿ ಬರುತ್ತಿದ್ದರು. ಈ ಶೋಗಾಗಿ ಅವರಿಗೆ ಸಂದ ಎಮ್ಮಿ (ಅಮೆರಿಕದ ಟಿವಿ ಪ್ರಶಸ್ತಿ) ನಾಲ್ಕು, ಮೂರಲ್ಲ. ಬಿಟ್ಟುಹೋಗಿರುವ ಆ ನಾಲ್ಕನೆಯದು ನಟನೆಗಲ್ಲ, ಬರವಣಿಗೆಗೆ ಬಂದದ್ದು.

ಇಂತಿ,
ನಿಮ್ಮ ಓದುಗರು