ಕಣ್ಣಿನ ಲೆನ್ಸ್: ಪ್ಯಾಕೇಜ್ ಪಟ್ಟಿಗಿಂತ ಮೊದಲು ಅಳತೆಯ ಹಾಳೆ ನೋಡಿ

ಸಂಪಾದಕರಿಗೆ,

ಮಾನ್ಯರೇ,

ಪೊರೆ ಆಪರೇಷನ್‌ಗೆ ಹೋದವರ ಕೈಗೆ ಎಷ್ಟೋ ಖಾಸಗಿ ಆಸ್ಪತ್ರೆಗಳಲ್ಲಿ ಈಗ ಮೊದಲು ಬರುವುದು ಪ್ಯಾಕೇಜ್ ಪಟ್ಟಿ. ‘ಇಂಡಿಯನ್’, ‘ಇಂಪೋರ್ಟೆಡ್’, ‘ಪ್ರೀಮಿಯಂ’ ಎಂದು ಮೂರು ಸಾಲು, ಎದುರಿಗೆ ಮೂರು ದರ. ಪೊರೆ ತೆಗೆದ ಜಾಗಕ್ಕೆ ಯಾವ ಕೃತಕ ಲೆನ್ಸ್ ಎಂಬ ಮಾತು ಡಾಕ್ಟರ ಕೋಣೆಯಲ್ಲಿ ನಡೆಯುವುದಕ್ಕಿಂತ ಹೆಚ್ಚಾಗಿ ಕೌನ್ಸೆಲರ್ ಮೇಜಿನ ಮುಂದೆ ನಡೆಯುತ್ತದೆ. ಮಗನೋ ಮಗಳೋ ‘ಅಪ್ಪನ ಕಣ್ಣಿನ ವಿಷಯದಲ್ಲಿ ಕಡಿಮೆ ಮಾಡುವುದು ಬೇಡ’ ಎಂದು ಮೇಲಿನ ದರದ್ದನ್ನೇ ಆರಿಸುತ್ತಾರೆ. ಕೈಯಲ್ಲಿ ಹಣವಿಲ್ಲದವರು ಕೆಳಗಿನದಕ್ಕೆ ಒಪ್ಪಿ, ಕಳಪೆ ಲೆನ್ಸ್ ಬಿತ್ತಲ್ಲ ಎಂದು ಕೊರಗುತ್ತಾ ಮನೆಗೆ ಹೋಗುತ್ತಾರೆ. ಇಬ್ಬರಿಗೂ ಅನ್ಯಾಯವಾಗುತ್ತಿದೆ. ಆಯುಷ್ಯಪೂರ್ತಿ ಕಣ್ಣೊಳಗೇ ಉಳಿಯುವ ವಸ್ತುವನ್ನು ಆರಿಸಲು ದರಪಟ್ಟಿ ಸರಿಯಾದ ಆಧಾರವೇ ಅಲ್ಲ. ಆದ್ದರಿಂದ ಈ ಪತ್ರ.

ಮೊದಲು ಅಳತೆಯ ವಿಷಯ. ಕಣ್ಣೊಳಗೆ ಕೂರಿಸುವ ಲೆನ್ಸ್‌ಗೂ ಪವರ್ ಇರುತ್ತದೆ. ಹೆಚ್ಚಿನವರಿಗೆ ಅದು 21 ಡಯಾಪ್ಟರ್ (ಕನ್ನಡಕದ ನಂಬರಿನ ಅಳತೆಯೂ ಇದೇ) ಆಸುಪಾಸಿನಲ್ಲಿ ಬರುತ್ತದೆ. ಅದನ್ನು ಲೆಕ್ಕ ಹಾಕಲು ಮುಖ್ಯವಾಗಿ ಎರಡು ಅಳತೆ ಬೇಕು: ಕಣ್ಣುಗುಡ್ಡೆಯ ಮುಂದಿನಿಂದ ಹಿಂದಿನವರೆಗಿನ ಉದ್ದ, ಮತ್ತು ಕಾರ್ನಿಯಾದ, ಅಂದರೆ ಕರಿಗುಡ್ಡೆಯ ಮುಂದಿನ ಪಾರದರ್ಶಕ ಪದರದ ಬಾಗು. ಉದ್ದ ಸರಾಸರಿ 23.5 ಮಿಲಿಮೀಟರ್. ಇದರಲ್ಲಿ 1 ಮಿಲಿಮೀಟರ್ ತಪ್ಪಿದರೆ ಆಪರೇಷನ್ ಆದ ಮೇಲೆ ಕಣ್ಣಿನ ನಂಬರ್ ಎರಡೂವರೆಯಿಂದ ಮೂರು ಡಯಾಪ್ಟರ್ ಆಚೀಚೆ ಆಗುತ್ತದೆ. ಅಂದರೆ ಲಕ್ಷ ರೂಪಾಯಿಯ ಲೆನ್ಸ್ ಹಾಕಿಸಿಕೊಂಡವರೂ ಮೂರು ನಂಬರಿನ ಕನ್ನಡಕ ಹಾಕಿಕೊಂಡೇ ಬಸ್ಸಿನ ಬೋರ್ಡ್ ಓದಬೇಕಾಗುತ್ತದೆ. ಅಳತೆ ಸರಿಯಿದ್ದರೆ ಕಡಿಮೆ ದರದ ಲೆನ್ಸ್‌ನಲ್ಲೇ ದೂರದ್ದು ಚೆನ್ನಾಗಿ ಕಾಣುತ್ತದೆ.

ಈ ಅಳತೆ ತಪ್ಪುವುದು ಹೇಗೆ? ಹಳೆಯ ಎ-ಸ್ಕ್ಯಾನ್‌ನಲ್ಲಿ ಪೆನ್ನಿನಂಥ ಕಡ್ಡಿಯನ್ನು ಕರಿಗುಡ್ಡೆಗೆ ತಾಗಿಸಿ ಶಬ್ದತರಂಗದಿಂದ ಉದ್ದ ಅಳೆಯುತ್ತಾರೆ. ಕೈ ಸ್ವಲ್ಪ ಒತ್ತಿದರೂ ಕಾರ್ನಿಯಾ ಒಳಕ್ಕೆ ತಗ್ಗಿ, ಕಣ್ಣು ಇರುವುದಕ್ಕಿಂತ ಗಿಡ್ಡವೆಂದು ಯಂತ್ರ ತೋರಿಸುತ್ತದೆ. ಆಗ ಬೇಕಾದದ್ದಕ್ಕಿಂತ ಹೆಚ್ಚು ಪವರಿನ ಲೆನ್ಸ್ ಬೀಳುತ್ತದೆ, ದೂರದ್ದು ಮಸುಕಾಗುತ್ತದೆ. ಕಣ್ಣಿನ ಮೇಲೆ ಚಿಕ್ಕ ಬಟ್ಟಲಿಟ್ಟು ದ್ರವ ತುಂಬಿ, ಕಡ್ಡಿ ತಾಗಿಸದೆ ಅಳೆಯುವ ಇಮ್ಮರ್ಷನ್ ವಿಧಾನದಲ್ಲಿ ಈ ತೊಂದರೆ ಇಲ್ಲ. ಬೆಳಕಿನ ಕಿರಣದಿಂದ ಅಳೆಯುವ ಆಪ್ಟಿಕಲ್ ಬಯೋಮೀಟರ್ ಇನ್ನೂ ನಿಖರ. ಅದು ಕಣ್ಣನ್ನು ಮುಟ್ಟುವುದೇ ಇಲ್ಲ. ಆದರೆ ಪೊರೆ ತೀರಾ ಬಲಿತು ಬೆಳ್ಳಗಾಗಿದ್ದರೆ ಬೆಳಕು ದಾಟುವುದಿಲ್ಲ, ಮತ್ತೆ ಎ-ಸ್ಕ್ಯಾನ್‌ಗೇ ಬರಬೇಕು. ‘ಪೊರೆ ಇನ್ನಷ್ಟು ಬಲಿಯಲಿ, ಆಮೇಲೆ ತೆಗೆಸಿದರಾಯಿತು’ ಎಂಬ ಹಳೆಯ ಮಾತನ್ನು ಬಿಡಬೇಕು ಎನ್ನಲು ಇದೂ ಒಂದು ಕಾರಣ. ಬಲಿತ ಪೊರೆಯಲ್ಲಿ ಅಳತೆಯೂ ಕಷ್ಟ, ಆಪರೇಷನ್ನೂ ಕಷ್ಟ.

ಕಾಂಟ್ಯಾಕ್ಟ್ ಲೆನ್ಸ್ ಹಾಕುವವರು ಅಳತೆಗೆ ಮುನ್ನ ಅದನ್ನು ಬಿಡಬೇಕು. ಮೆತ್ತನೆಯದಾದರೆ ಒಂದೆರಡು ವಾರ, ಗಟ್ಟಿಯದಾದರೆ ಮೂರು ವಾರ ಅಥವಾ ಇನ್ನೂ ಹೆಚ್ಚು. ಇಲ್ಲದಿದ್ದರೆ ಕಾರ್ನಿಯಾದ ಬಾಗು ನಿಜವಾದದ್ದು ಸಿಗುವುದಿಲ್ಲ. ಕಣ್ಣು ಒಣಗಿ ಉರಿಯುತ್ತಿದ್ದರೆ ಮೊದಲು ಅದಕ್ಕೆ ಡ್ರಾಪ್ಸ್ ಹಾಕಿ ಸರಿಪಡಿಸಿಕೊಂಡು ಆಮೇಲೆ ಅಳೆಯಬೇಕು. ಕರಿಗುಡ್ಡೆಯ ಮೇಲೆ ಮಾಂಸ ಬೆಳೆದಿದ್ದು ಅದು ಬಾಗನ್ನು ಕೆಡಿಸುತ್ತಿದ್ದರೆ, ಅದನ್ನು ತೆಗೆಸಿ ಗಾಯ ಮಾಯ್ದು ಅಳತೆ ಸ್ಥಿರವಾಗುವವರೆಗೆ ಕಾಯಬೇಕು. ಹಿಂದೆ ಕನ್ನಡಕ ಬಿಡಲೆಂದು ಲೇಸಿಕ್ ಲೇಸರ್ ಮಾಡಿಸಿಕೊಂಡವರು ಅದನ್ನು ಕೇಳದಿದ್ದರೂ ಹೇಳಲೇಬೇಕು. ಅಂಥ ಕಣ್ಣಿಗೆ ಮಾಮೂಲು ಸೂತ್ರ ಹಾಕಿದರೆ ಪವರ್ ತಪ್ಪುತ್ತದೆ. ಬೇರೆ ಸೂತ್ರಗಳೇ ಇವೆ. ಇನ್ನು, ಆಪರೇಷನ್ ಒಂದೇ ಕಣ್ಣಿಗಾದರೂ ಎರಡೂ ಕಣ್ಣನ್ನು ಅಳೆಯಬೇಕು. ಎರಡರ ಉದ್ದದಲ್ಲಿ 0.3 ಮಿಲಿಮೀಟರ್‌ಗಿಂತ ಹೆಚ್ಚು ವ್ಯತ್ಯಾಸ ಬಂದರೆ, ಅದಕ್ಕೆ ಕಾರಣ ಗೊತ್ತಿಲ್ಲದಿದ್ದರೆ, ಮತ್ತೊಮ್ಮೆ ಅಳೆಸುವುದೇ ಸರಿ.

ಅಳತೆ ಮುಗಿದ ಮೇಲಿನ ಪ್ರಶ್ನೆ: ಕನ್ನಡಕವಿಲ್ಲದೆ ಯಾವ ದೂರ ಸ್ಪಷ್ಟವಾಗಿ ಕಾಣಬೇಕು? ಹೆಚ್ಚಿನವರಿಗೆ ಹಾಕುವುದು ಮೊನೊಫೋಕಲ್, ಅಂದರೆ ಒಂದೇ ದೂರಕ್ಕೆ ಹೊಂದಿಸಿದ ಲೆನ್ಸ್. ಯಾರೂ ಕೇಳದಿದ್ದರೆ ಅದನ್ನು ದೂರಕ್ಕೆ ಹೊಂದಿಸುತ್ತಾರೆ. ಓದಲು ಎರಡೂವರೆ ನಂಬರಿನ ಕನ್ನಡಕ ಬೇಕಾಗುತ್ತದೆ. ಬಸ್ ಓಡಿಸುವವರಿಗೆ, ಹೊಲದಲ್ಲಿ ದುಡಿಯುವವರಿಗೆ ಇದೇ ಸರಿ. ಆದರೆ ಹುಟ್ಟಾ ಮೈನಸ್ ಮೂರು ನಂಬರ್ ಇದ್ದು, ರಾತ್ರಿ ಕನ್ನಡಕ ತೆಗೆದಿಟ್ಟು ಪುಸ್ತಕವನ್ನು ಮುಖದ ಹತ್ತಿರ ಹಿಡಿದು ಓದುವ ಅಭ್ಯಾಸದವರನ್ನು ತೆಗೆದುಕೊಳ್ಳಿ. ಅವರ ಕಣ್ಣನ್ನು ಹೇಳದೆ ಕೇಳದೆ ದೂರಕ್ಕೆ ಹೊಂದಿಸಿದರೆ, ದೂರದ ಬೆಟ್ಟ ಕಾಣುತ್ತದೆ, ಊಟದ ತಟ್ಟೆಯಲ್ಲಿನ ಮೀನಿನ ಮುಳ್ಳು ಕಾಣುವುದಿಲ್ಲ. ಆಪರೇಷನ್ ಚೆನ್ನಾಗಿಯೇ ಆಗಿರುತ್ತದೆ, ರೋಗಿ ಮಾತ್ರ ‘ಮೊದಲೇ ಚೆನ್ನಾಗಿತ್ತು’ ಎನ್ನುತ್ತಾರೆ. ಇಂಥವರಿಗೆ, ಹೊಲಿಗೆ, ಕಸೂತಿ, ಚಿನ್ನದ ಕೆಲಸ ಮಾಡುವವರಿಗೆ ಗುರಿಯನ್ನು ಮೈನಸ್ ಎರಡೂವರೆಗೆ ಇಡಬಹುದು. ಆಗ ಸುಮಾರು 40 ಸೆಂಟಿಮೀಟರ್ ದೂರದ್ದು ಬರಿಗಣ್ಣಿಗೆ ಸ್ಪಷ್ಟ, ದೂರಕ್ಕೆ ಕನ್ನಡಕ. ಇದಕ್ಕೆ ಒಂದು ರೂಪಾಯಿ ಹೆಚ್ಚು ಖರ್ಚಿಲ್ಲ. ಅದೇ ಲೆನ್ಸ್, ಪವರ್ ಮಾತ್ರ ಬೇರೆ.

ಒಂದು ಕಣ್ಣನ್ನು ದೂರಕ್ಕೆ, ಇನ್ನೊಂದನ್ನು ಮೈನಸ್ ಮುಕ್ಕಾಲು ಅಥವಾ ಒಂದರ ಸುತ್ತ ಇಡುವುದು ಇನ್ನೊಂದು ದಾರಿ. ಮೊಬೈಲ್, ಅಡುಗೆಮನೆ, ಅಂಗಡಿಯ ತಕ್ಕಡಿ ಎಲ್ಲ ಬಹುಮಟ್ಟಿಗೆ ಕನ್ನಡಕವಿಲ್ಲದೆ ನಡೆಯುತ್ತದೆ. ಸಣ್ಣ ಅಕ್ಷರಕ್ಕೆ ಮಾತ್ರ ಕನ್ನಡಕ. ಮೊನೊಫೋಕಲ್‌ನಲ್ಲೇ ಆಗುವ ಈ ಏರ್ಪಾಡನ್ನು ಪ್ಯಾಕೇಜ್ ಪಟ್ಟಿಯಲ್ಲಿ ಯಾರೂ ಬರೆಯುವುದಿಲ್ಲ. ಕೇಳಿದರೆ ಮಾತ್ರ ಸಿಗುತ್ತದೆ.

ಸಿಲಿಂಡರ್ ನಂಬರ್ (ಬಾಗು ಎಲ್ಲ ದಿಕ್ಕಿಗೂ ಒಂದೇ ಸಮ ಇಲ್ಲದ್ದರಿಂದ ಬರುವ ನಂಬರ್) ಇರುವವರಿಗೆ ಅದನ್ನು ಸರಿಪಡಿಸುವ ಟೋರಿಕ್ ಲೆನ್ಸ್ ನಿಜಕ್ಕೂ ಪ್ರಯೋಜನಕಾರಿ. ಆದರೆ ನೋಡಬೇಕಾದದ್ದು ಹಳೆಯ ಕನ್ನಡಕದ ಸಿಲಿಂಡರ್ ಅಲ್ಲ, ಕಾರ್ನಿಯಾದ್ದು. ಕನ್ನಡಕದ ಸಿಲಿಂಡರ್‌ನಲ್ಲಿ ಪೊರೆಯಿಂದ ಬಂದ ಪಾಲೂ ಸೇರಿರುತ್ತದೆ, ಅದು ಪೊರೆಯ ಜೊತೆಗೇ ಹೋಗುತ್ತದೆ. ಕಾರ್ನಿಯಾದಲ್ಲಿ ಒಂದೂಕಾಲು, ಒಂದೂವರೆ ಡಯಾಪ್ಟರ್ ದಾಟಿದ್ದರೆ ಟೋರಿಕ್‌ಗೆ ಕೊಟ್ಟ ಹಣ ಸಾರ್ಥಕ. ಅರ್ಧ ಡಯಾಪ್ಟರ್‌ಗೆ ದುಡ್ಡು ಸುರಿಯಬೇಕಿಲ್ಲ. ಈ ಲೆನ್ಸ್ ಕೂರುವ ಕೋನ ಬಹಳ ಮುಖ್ಯ. 1 ಡಿಗ್ರಿ ತಿರುಗಿದರೆ ಸುಮಾರು ಶೇ 3ರಷ್ಟು ಪರಿಣಾಮ ಹೋಗುತ್ತದೆ, 10 ಡಿಗ್ರಿಗೆ ಮೂರನೇ ಒಂದು ಪಾಲು, 30 ಡಿಗ್ರಿ ತಿರುಗಿದರೆ ಹಾಕಿಯೂ ಹಾಕದಂತೆ. ಮಲಗಿದಾಗ ಕಣ್ಣುಗುಡ್ಡೆ ತುಸು ಹೊರಳುವುದರಿಂದ, ಯಂತ್ರದ ನೆರವಿಲ್ಲದ ಕಡೆ ರೋಗಿಯನ್ನು ಕೂರಿಸಿಯೇ ಕರಿಗುಡ್ಡೆಯ ಅಂಚಿಗೆ ಶಾಯಿಯ ಗುರುತು ಹಾಕುತ್ತಾರೆ. ಲೆನ್ಸ್ ತಿರುಗುವುದು ಹೆಚ್ಚಾಗಿ ಆಪರೇಷನ್ ಆದ ಮೊದಲ ಕೆಲವು ಗಂಟೆಗಳಲ್ಲಿ, ದಿನಗಳಲ್ಲಿ. ತಿರುಗಿದ್ದರೆ ಬೇಗ ಸರಿಪಡಿಸುವುದು ಸುಲಭ, ಆದ್ದರಿಂದ ಮರುದಿನದ ತಪಾಸಣೆ ತಪ್ಪಿಸಬಾರದು.

ಈಗ ಜಾಹೀರಾತುಗಳ ‘ಕನ್ನಡಕವೇ ಬೇಡ’ ಲೆನ್ಸ್. ಮಲ್ಟಿಫೋಕಲ್, ಟ್ರೈಫೋಕಲ್ ಲೆನ್ಸ್‌ಗಳ ಮೇಲೆ ಅತಿ ಸೂಕ್ಷ್ಮವಾದ ಉಂಗುರಗಳಿರುತ್ತವೆ. ಒಳಗೆ ಬರುವ ಬೆಳಕನ್ನು ಅವು ದೂರ, ಮಧ್ಯ, ಹತ್ತಿರ ಎಂದು ಹಂಚುತ್ತವೆ. ಹಂಚಿದ ಮೇಲೆ ಒಂದೊಂದು ದೂರಕ್ಕೆ ಸಿಗುವ ಬೆಳಕು ಕಡಿಮೆಯೇ. ಹಾಗಾಗಿ ಮಂದ ಬೆಳಕಿನಲ್ಲಿ ಬೂದು ಮೆಟ್ಟಿಲಿನ ಅಂಚು, ಮೋಡ ಕವಿದ ಸಂಜೆಯ ರಸ್ತೆ ಮೊನೊಫೋಕಲ್‌ನಷ್ಟು ನಿಚ್ಚಳವಾಗಿ ಕಾಣುವುದಿಲ್ಲ. ರಾತ್ರಿ ಎದುರಿನ ಗಾಡಿಯ ಹೆಡ್‌ಲೈಟ್ ಸುತ್ತ ಬಳೆ ಬಳೆಯಾಗಿ ಬೆಳಕು ಕಾಣುತ್ತದೆ. ಬಹಳಷ್ಟು ಜನ ಮೂರರಿಂದ ಆರು ತಿಂಗಳಲ್ಲಿ ಅದಕ್ಕೆ ಹೊಂದಿಕೊಳ್ಳುತ್ತಾರೆ, ಕೆಲವರಿಗೆ ಆಗುವುದೇ ಇಲ್ಲ. ರೆಟಿನಾ, ಅಂದರೆ ಕಣ್ಣಿನ ಹಿಂದಿನ ಪರದೆ, ಗಟ್ಟಿಮುಟ್ಟಾಗಿದ್ದು, ರಾತ್ರಿ ಗಾಡಿ ಓಡಿಸದೆ, ಕನ್ನಡಕ ಬೇಡವೇ ಬೇಡ ಎನ್ನುವವರಿಗೆ ಇದು ಒಳ್ಳೆಯ ಲೆನ್ಸ್, ಅದರಲ್ಲಿ ಅನುಮಾನವಿಲ್ಲ. ಸಕ್ಕರೆ ಕಾಯಿಲೆಯಿಂದ ರೆಟಿನಾ ಕೆಟ್ಟವರಿಗೆ, ರೆಟಿನಾದ ನಡುಭಾಗವಾದ ಮ್ಯಾಕ್ಯುಲಾ ಸವೆದವರಿಗೆ, ಗ್ಲಾಕೋಮಾದಿಂದ ನರ ಸೊರಗಿದವರಿಗೆ, ಕಾರ್ನಿಯಾದಲ್ಲಿ ಕಲೆ ಇರುವವರಿಗೆ ಇದು ಬೇಡ. ಮೊದಲೇ ಮಂಕಾದ ಕಣ್ಣಿಗೆ ಇನ್ನಷ್ಟು ಬೆಳಕು ಕಡಿಮೆ ಮಾಡಿದಂತಾಗುತ್ತದೆ. ಪೊರೆಯ ಹಿಂದೆ ಈ ರೋಗಗಳು ಅಡಗಿರಬಹುದು, ಹಾಗಾಗಿ ಮಲ್ಟಿಫೋಕಲ್ ಹಾಕುವ ಮುನ್ನ ಮ್ಯಾಕ್ಯುಲಾದ ಪದರಗಳನ್ನು ಬೆಳಕಿನಿಂದ ತೋರಿಸುವ ಓಸಿಟಿ ಸ್ಕ್ಯಾನ್ ಆಗಲೇಬೇಕು. ಹಾಕಿಸಿಕೊಂಡು ತೃಪ್ತಿಯಾಗದವರಿಗೆ ಕೆಲವೊಮ್ಮೆ ಲೆನ್ಸ್ ಹಿಂದಿನ ತೆಳು ಪದರ ಮಸುಕಾಗಿದೆ ಎಂದು ಯಾಗ್ ಲೇಸರ್ ಮಾಡುತ್ತಾರೆ. ತೊಂದರೆ ಲೆನ್ಸ್‌ನದ್ದೇ ಆಗಿದ್ದರೆ ಆ ಆತುರ ಬೇಡ. ಲೇಸರ್‌ನಿಂದ ಪದರ ತೆರೆದ ಮೇಲೆ ಲೆನ್ಸ್ ಬದಲಿಸುವುದು ಬಹಳ ಅಪಾಯದ ಕೆಲಸವಾಗುತ್ತದೆ. ಇಡಾಫ್ ಎನ್ನುವ ಲೆನ್ಸ್‌ಗಳು ಮೊನೊಫೋಕಲ್ ಮತ್ತು ಮಲ್ಟಿಫೋಕಲ್ ನಡುವಿನವು: ದೂರ ಮತ್ತು ಕಂಪ್ಯೂಟರ್‌ನಷ್ಟು ದೂರ ಚೆನ್ನಾಗಿರುತ್ತದೆ, ಸಣ್ಣ ಅಕ್ಷರಕ್ಕೆ ಒಂದು, ಒಂದೂವರೆ ನಂಬರಿನ ಕನ್ನಡಕ ಬೇಕಾಗಬಹುದು.

ಮಡಿಚುವ ಲೆನ್ಸೋ ಗಟ್ಟಿ ಲೆನ್ಸೋ ಎಂಬ ಆತಂಕ ಹಳ್ಳಿಗಳಲ್ಲಿ ಹೆಚ್ಚು. ಲಂಡನ್ನಿನಲ್ಲಿ ಹೆರಾಲ್ಡ್ ರಿಡ್ಲಿ 1949ರಲ್ಲಿ ಮೊದಲ ಬಾರಿ ಕಣ್ಣೊಳಗೆ ಇಟ್ಟದ್ದು ಗಟ್ಟಿ ಪಿಎಂಎಂಎ ಪ್ಲಾಸ್ಟಿಕ್ಕಿನ ಲೆನ್ಸನ್ನೇ. ಅದು ದಶಕಗಟ್ಟಲೆ ಕಣ್ಣಿನಲ್ಲಿ ಕೆಡದೆ ಇರುತ್ತದೆ. ನಮ್ಮಲ್ಲಿ ಡಾ. ಎಂ.ಸಿ. ಮೋದಿಯವರು ಊರೂರಿನ ಶಿಬಿರಗಳಲ್ಲಿ ಸಾವಿರಾರು ಜನರ ಪೊರೆ ತೆಗೆದ ಕಾಲದಲ್ಲಿ ಲೆನ್ಸ್ ಹಾಕುವ ಪದ್ಧತಿ ಇನ್ನೂ ಬಂದಿರಲಿಲ್ಲ. ಪ್ಲಸ್ ಹತ್ತರ ಸುತ್ತಿನ ದಪ್ಪ ಗಾಜಿನ ಕನ್ನಡಕವೇ ಗತಿಯಾಗಿತ್ತು. ಮದುರೆಯ ಅರೋಲ್ಯಾಬ್ 1992ರಲ್ಲಿ ಲೆನ್ಸ್ ತಯಾರಿಸಲು ತೊಡಗಿದ ಮೇಲೆ ಬೆಲೆ ಬಡವರ ಕೈಗೆಟಕುವಷ್ಟು ಇಳಿಯಿತು, ಈಗ ಅದು ಹೊರದೇಶಗಳಿಗೂ ಹೋಗುತ್ತದೆ. ‘ಇಂಡಿಯನ್’ ಎಂದರೆ ಕಳಪೆ ಎಂಬುದು ಸುಳ್ಳು. ಗಟ್ಟಿ ಲೆನ್ಸ್‌ಗೆ ಸುಮಾರು 6 ಮಿಲಿಮೀಟರ್ ಸೀಳು ಬೇಕು, ಮಡಿಚುವುದಕ್ಕೆ ಎರಡೂವರೆ ಸಾಕು. ಚಿಕ್ಕ ಸೀಳಿನಿಂದ ಸಿಲಿಂಡರ್ ಕಡಿಮೆ ಬರುತ್ತದೆ, ಬೇಗ ಚೇತರಿಕೆಯಾಗುತ್ತದೆ. ಒಂದೂವರೆ ತಿಂಗಳ ನಂತರ ಸರಿಯಾದ ಕನ್ನಡಕ ಹಾಕಿ ನೋಡಿದರೆ ಎರಡರ ನೋಟದಲ್ಲಿ ಹೇಳಿಕೊಳ್ಳುವ ಅಂತರ ಇರುವುದಿಲ್ಲ. ಮಡಿಚುವುದರಲ್ಲಿ ಆಯ್ಕೆ ಇದ್ದರೆ, ಸಕ್ಕರೆ ಕಾಯಿಲೆಯವರು ಹೈಡ್ರೋಫೋಬಿಕ್ (ನೀರು ಹೀರದ) ಅಕ್ರಿಲಿಕ್ ಕೇಳುವುದು ಒಳ್ಳೆಯದು. ಮುಂದೆ ರೆಟಿನಾ ಆಪರೇಷನ್ ಆಗಿ ಕಣ್ಣೊಳಗೆ ಗ್ಯಾಸ್ ತುಂಬಬೇಕಾದರೆ ಹೈಡ್ರೋಫಿಲಿಕ್ (ನೀರು ಹೀರುವ) ಲೆನ್ಸ್ ಮೇಲೆ ಸುಣ್ಣ ಕಟ್ಟಿ ಮಸುಕಾಗುವ ಸಾಧ್ಯತೆ ಇದೆ. ಹಳದಿ ಲೆನ್ಸ್ ರೆಟಿನಾವನ್ನು ಕಾಪಾಡುತ್ತದೆ ಎಂಬುದಕ್ಕೆ ಗಟ್ಟಿ ಪುರಾವೆಯಿಲ್ಲ, ಅದಕ್ಕೆಂದು ಹೆಚ್ಚು ಹಣ ಕೊಡಬೇಕಿಲ್ಲ.

ಯಾರೂ ಮೊದಲೇ ಹೇಳದ ಒಂದು ಸಂಗತಿ ಇದೆ. ಪೊರೆ ತೆಗೆಯುವಾಗ ಲೆನ್ಸ್ ಕೂರಬೇಕಾದ ತೆಳು ಚೀಲ ಒಮ್ಮೊಮ್ಮೆ ಹರಿಯುತ್ತದೆ. ನುರಿತವರ ಕೈಯಲ್ಲಿ ಅಪರೂಪ, ಆದರೆ ಯಾರ ಕೈಯಲ್ಲೂ ಆಗಬಹುದು. ಆಗ ದುಬಾರಿ ಮಲ್ಟಿಫೋಕಲನ್ನು ಸಾಮಾನ್ಯವಾಗಿ ಬದಿಗಿಡಬೇಕು. ಚೀಲದ ಮುಂದೆ, ಪಾಪೆಯ ಸುತ್ತಲಿನ ಬಣ್ಣದ ಪರದೆಯಾದ ಐರಿಸ್ ಹಿಂದೆ ಇರುವ ಸಂದಿನಲ್ಲಿ ಮೂರು ತುಂಡಿನ (ನಡುವಿನ ಲೆನ್ಸ್‌ಗೆ ಎರಡು ತೆಳು ಕಾಲು ಜೋಡಿಸಿದ) ಲೆನ್ಸ್ ಕೂರಿಸುತ್ತಾರೆ, ಪವರನ್ನು ಅರ್ಧದಿಂದ ಒಂದು ಡಯಾಪ್ಟರ್ ಇಳಿಸಿ. ಅದೇ ಜಾಗಕ್ಕೆ ಒಂದೇ ತುಂಡಿನ ಅಕ್ರಿಲಿಕ್ ಲೆನ್ಸ್ ತುರುಕಿದರೆ ಅದರ ದಪ್ಪ ಅಂಚು ಐರಿಸ್ ಅನ್ನು ಉಜ್ಜಿ ಉರಿಯೂತ, ರಕ್ತಸ್ರಾವ, ಕಣ್ಣಿನ ಒತ್ತಡ ಎಲ್ಲ ಬರುತ್ತವೆ. ಆದ್ದರಿಂದ ‘ಚೀಲ ಹರಿದರೆ ಯಾವ ಲೆನ್ಸ್ ಹಾಕುತ್ತೀರಿ, ಅದು ಥಿಯೇಟರಿನಲ್ಲಿ ಇರುತ್ತದೆಯೇ, ಆಗ ಹಣ ಎಷ್ಟು ವಾಪಸ್’ ಎಂದು ಸಹಿ ಹಾಕುವ ಮುನ್ನ ಕೇಳುವ ಹಕ್ಕು ರೋಗಿಗಿದೆ. ಪ್ರಾಸ್ಟೇಟ್ ತೊಂದರೆಗೆ ಟ್ಯಾಮ್ಸುಲೋಸಿನ್ ಮಾತ್ರೆ ತಿನ್ನುವವರು, ಹಿಂದೆ ತಿಂದವರು ಅದನ್ನೂ ಸರ್ಜನ್‌ಗೆ ಹೇಳಬೇಕು. ಆಪರೇಷನ್ ನಡುವೆ ಐರಿಸ್ ಸಡಿಲಗೊಂಡು ಪಾಪೆ ಕಿರಿದಾಗುತ್ತದೆ, ಮೊದಲೇ ಗೊತ್ತಿದ್ದರೆ ಅದಕ್ಕೆ ತಯಾರಿ ಮಾಡಿಕೊಳ್ಳುತ್ತಾರೆ.

ಲೆನ್ಸ್ ಡಬ್ಬಿಯಲ್ಲಿ ಮಾದರಿ, ಪವರ್, ಸೀರಿಯಲ್ ನಂಬರ್ ಇರುವ ಅಂಟುಚೀಟಿಗಳು ಬರುತ್ತವೆ. ಒಂದು ಆಸ್ಪತ್ರೆಯ ಕೇಸ್ ಶೀಟಿಗೆ, ಇನ್ನೊಂದು ರೋಗಿಯ ಡಿಸ್ಚಾರ್ಜ್ ಕಾರ್ಡಿಗೆ ಅಂಟಿಸಬೇಕು. ಡಬ್ಬಿಯ ಮೇಲಿನ ಎಂಆರ್‌ಪಿ ನೋಡಿ, ಬಿಲ್ಲಿನಲ್ಲಿ ಲೆನ್ಸ್ ಬೆಲೆಯನ್ನು ಬೇರೆಯಾಗಿ ಬರೆಸಿಕೊಳ್ಳಬೇಕು. ವಿಮೆ ಇರುವವರು ಪಾಲಿಸಿಯಲ್ಲಿ ಪೊರೆಗೆಂದೇ ಇರುವ ಮಿತಿಯನ್ನು ಮೊದಲು ಓದಿಕೊಳ್ಳಲಿ. ಹಲವು ಪಾಲಿಸಿಗಳು ಮೊನೊಫೋಕಲ್‌ನಷ್ಟಕ್ಕೆ ಮಾತ್ರ ಕೊಡುತ್ತವೆ.

ಆರೋಗ್ಯ ಇಲಾಖೆಗೆ ನಮ್ಮ ಕೋರಿಕೆ ಇಷ್ಟು. ಸರ್ಕಾರಿ, ಖಾಸಗಿ, ಶಿಬಿರ ಎನ್ನದೆ ಪೊರೆ ಆಪರೇಷನ್ ಮಾಡುವ ಎಲ್ಲ ಕಡೆ ರೋಗಿಗೆ ಕನ್ನಡದಲ್ಲಿ ಒಂದು ಪುಟದ ಹಾಳೆ ಕೊಡುವುದು ಕಡ್ಡಾಯವಾಗಲಿ. ಎರಡೂ ಕಣ್ಣಿನ ಉದ್ದ, ಕಾರ್ನಿಯಾದ ಬಾಗು, ಅಳೆದ ವಿಧಾನ, ಬಳಸಿದ ಸೂತ್ರ, ಗುರಿಯಿಟ್ಟ ನಂಬರ್, ಹಾಕಿದ ಲೆನ್ಸ್, ಬದಲಿ ಲೆನ್ಸ್ ಎಲ್ಲ ಅದರಲ್ಲಿರಲಿ. ತಿಂಗಳೊಪ್ಪತ್ತು ಕಳೆದು ಕನ್ನಡಕದ ನಂಬರ್ ತೆಗೆದಾಗ ಅದನ್ನೂ ಅದೇ ಹಾಳೆಯಲ್ಲಿ ಬರೆಯಲಿ. ಗುರಿಗೂ ಬಂದದ್ದಕ್ಕೂ ಎಷ್ಟು ಅಂತರ ಎಂದು ಅದರಿಂದ ತಿಳಿಯುತ್ತದೆ. ಎರಡನೇ ಕಣ್ಣಿಗೆ ಬೇರೆ ಊರಿನ ಆಸ್ಪತ್ರೆಗೆ ಹೋದರೂ ಅಲ್ಲಿನ ಡಾಕ್ಟರು ಆ ಅಂತರ ನೋಡಿ ಪವರ್ ತಿದ್ದಿಕೊಳ್ಳಬಹುದು.

— ಕಣ್ಣಾಸ್ಪತ್ರೆಗಳಲ್ಲಿ ಬಯೋಮೆಟ್ರಿ (ಕಣ್ಣಿನ ಅಳತೆ) ಕೆಲಸ ಮಾಡುವ ಆಪ್ಟೊಮೆಟ್ರಿಸ್ಟರು, ದಾವಣಗೆರೆ