ಎವೆಲಿನ್ ಆಂಕರ್ಸ್ ಬರೀ ಕಿರುಚಿದ ಹೀರೋಯಿನ್ ಅಲ್ಲ

ಸಂಪಾದಕರೇ,

ಹಾಲಿವುಡ್‌ನ ಹಳೇ ಹಾರರ್ ಸಿನಿಮಾಗಳ ಬಗ್ಗೆ ಯಾರೇ ಬರೆದ್ರೂ ಕಾರ್ಲಾಫ್, ಲುಗೋಸಿ, ಲಾನ್ ಚೇನಿ ಜೂನಿಯರ್ ಅನ್ನೋ ಮೂವರು ನಟರಿಗೇ ಮುಗಿದುಹೋಗುತ್ತೆ. ಎವೆಲಿನ್ ಆಂಕರ್ಸ್ ಹೆಸರು ಅಪರೂಪಕ್ಕೆ ಬಂದ್ರೂ ಚೆನ್ನಾಗಿ ಕಿರುಚ್ತಿದ್ದ ನಟಿ ಅಂತ ಒಂದು ಸಾಲು, ಅಷ್ಟೇ. ಇದನ್ನ ಓದಿದಾಗೆಲ್ಲ ನಂಗೆ ಬೇಜಾರಾಗುತ್ತೆ, ಅದಕ್ಕೇ ಈ ಪತ್ರ.

1941ರ 'ದಿ ವುಲ್ಫ್ ಮ್ಯಾನ್' ನೋಡಿರೋರು ಆ ಅಂಗಡಿ ಸೀನ್ ನೆನಪು ಮಾಡ್ಕೊಳ್ಳಿ. ಹಳೇ ಸಾಮಾನಿನ ಅಂಗಡಿಯವನ ಮಗಳು ಗ್ವೆನ್ ಆಗಿರೋ ಎವೆಲಿನ್, ಮುಂದೆ ತೋಳಮನುಷ್ಯ ಆಗೋ ಚೇನಿಗೆ ತೋಳದ ತಲೆಯ ಬೆಳ್ಳಿ ಹಿಡಿ ಇರೋ ಕೋಲು ಮಾರ್ತಾಳೆ, ಅವನು ರೇಗಿಸ್ತಾನೇ ಇರ್ತಾನೆ, ಇವಳೂ ನಗ್ತಾನೇ ಉತ್ತರ ಕೊಡ್ತಾಳೆ, ಆದ್ರೆ ಮನುಷ್ಯ ತೋಳ ಆಗೋ ಪದ್ಯ ಹೇಳೋವಾಗ ದನಿ ಸ್ವಲ್ಪ ಬದಲಾಗುತ್ತೆ ನೋಡಿ. ಅಲ್ಲಿ ಆಕೆ ನಂಬಿಸ್ದೇ ಹೋಗಿದ್ರೆ ಮುಂದಿನ ಕಥೆ ಯಾರೂ ನಂಬ್ತಿರ್ಲಿಲ್ಲ. ಕೊನೆಗೆ ತೋಳ ಆಗಿರೋ ಚೇನಿನ ಅವನ ಅಪ್ಪನೇ ಹೊಡೆದು ಸಾಯಿಸೋದೂ ಅವಳು ಮಾರಿದ ಅದೇ ಕೋಲಿಂದ.

ಆಮೇಲೆ 1942ರಲ್ಲಿ 'ದಿ ಘೋಸ್ಟ್ ಆಫ್ ಫ್ರಾಂಕೆನ್‌ಸ್ಟೈನ್', 1943ರಲ್ಲಿ 'ಸನ್ ಆಫ್ ಡ್ರಾಕುಲಾ'. ತೋಳಮನುಷ್ಯ, ಫ್ರಾಂಕೆನ್‌ಸ್ಟೈನ್‌ನ ದೈತ್ಯ, ರಕ್ತ ಕುಡಿಯೋ ಕೌಂಟ್, ಮೂರೂ ಚೇನಿನೇ, ಮೂರರಲ್ಲೂ ಈಕೆ ಇದ್ದಾಳೆ. ತೋಳಮನುಷ್ಯನಿಗೂ ದೈತ್ಯನಿಗೂ ಜಾಕ್ ಪಿಯರ್ಸ್ ಮಾಡಿದ ಮೇಕಪ್ ಇತ್ತು, ಆಕೆಗೆ ಇದ್ದಿದ್ದು ಬರೀ ಮುಖ. ಎದುರಿಗಿರೋಳು ನಿಜವಾಗ್ಲೂ ಹೆದರಿದಾಳೆ ಅಂತ ಅನ್ನಿಸದಿದ್ರೆ ಆ ಮೇಕಪ್ಪೆಲ್ಲ ಬರೀ ಕೂದಲು, ಅಂಟು.

ನಾನು ಮುಖ್ಯವಾಗಿ ಹೇಳ್ಬೇಕು ಅಂದ್ಕೊಂಡಿದ್ದು 1942ರ 'ಷರ್ಲಾಕ್ ಹೋಮ್ಸ್ ಅಂಡ್ ದಿ ವಾಯ್ಸ್ ಆಫ್ ಟೆರರ್' ಬಗ್ಗೆ. ಅದ್ರಲ್ಲಿ ಆಕೆ ಲಂಡನ್ನಿನ ಬಡ ಕೇರಿಯ ಕಿಟ್ಟಿ, ಪೊಲೀಸ್ ಕಂಡ್ರೆ ಆಗದ ಕಳ್ಳರು, ಪುಂಡರು ತುಂಬಿರೋ ಬಾರಲ್ಲಿ ನಿಂತು ನಾಜಿಗಳ ವಿರುದ್ಧ ಹೋಮ್ಸ್‌ಗೆ ಸಹಾಯ ಮಾಡಿ ಅಂತ ಅವರನ್ನ ಒಪ್ಪಿಸ್ತಾಳೆ, ಕಿರುಚಾಟ ಇಲ್ಲ, ಏನಿಲ್ಲ, ಬರೀ ಮಾತು, ಹೋಮ್ಸ್ ಆಗಿರೋ ಬೇಸಿಲ್ ರಾತ್‌ಬೋನ್ ಅಂಥ ನಟನೇ ಪಕ್ಕದಲ್ಲಿದ್ರೂ ಕಣ್ಣು ಆಕೆ ಬಿಟ್ಟು ಕದಲಲ್ಲ. 1944ರ 'ವಿಯರ್ಡ್ ವುಮನ್'ನಲ್ಲಂತೂ ಆಕೆನೇ ವಿಲನ್, ಹೊಟ್ಟೆಕಿಚ್ಚಿಂದ ಗಾಳಿಸುದ್ದಿ ಹಬ್ಬಿಸೋ ಲೈಬ್ರೇರಿಯನ್. ಇಷ್ಟೆಲ್ಲಾ ಮಾಡಿದವಳಿಗೆ ಯೂನಿವರ್ಸಲ್ ಸ್ಟುಡಿಯೋ ಕಡಿಮೆ ಬಜೆಟ್ಟಿನ ಸಿನಿಮಾ ಮೇಲೆ ಸಿನಿಮಾ ಕೊಡ್ತಾ ಹೋಯ್ತು, ದೊಡ್ಡ ಚಿತ್ರಕ್ಕೆ ಕರೆದಿದ್ದು ಅಪರೂಪ ಅನ್ನೋದೇ ನನ್ನ ಕೊರಗು.

ಹುಟ್ಟಿದ್ದು 1918ರಲ್ಲಿ, ಚಿಲಿ ದೇಶದ ವಾಲ್ಪರೈಸೊದಲ್ಲಿ, ಅಪ್ಪ ಅಮ್ಮ ಬ್ರಿಟಿಷರು. ನಟ ರಿಚರ್ಡ್ ಡೆನಿಂಗ್‌ನ ಮದುವೆಯಾದ್ರು, ಮೂವತ್ತು ದಾಟಿದ ಸ್ವಲ್ಪ ದಿನಕ್ಕೇ ಸಿನಿಮಾ ಹೆಚ್ಚುಕಮ್ಮಿ ಬಿಟ್ಟೇಬಿಟ್ರು, 1985ರಲ್ಲಿ ಹವಾಯಿಯಲ್ಲಿ ತೀರಿಕೊಂಡ್ರು.

ನಿಮ್ಮ ಸಿನಿಮಾ ಪುಟದಲ್ಲಿ ಆಕೆ ಬಗ್ಗೆ ಒಂದು ಪೂರ್ತಿ ಲೇಖನ ಬರ್ಲಿ ಅಂತ ಕೇಳ್ಕೊಳ್ತೀನಿ. ಫೋಟೋ ಹಾಕೋದಾದ್ರೆ ದಯವಿಟ್ಟು ತೋಳಮನುಷ್ಯನ ಕೈಯಲ್ಲಿ ಮೂರ್ಛೆ ಹೋಗಿರೋದು ಬೇಡ, ಆ ಅಂಗಡಿ ಸೀನಿಂದು ಹಾಕಿ.

ಇಂತಿ ನಿಮ್ಮ ಓದುಗ